ಶ್ವೇತಭವನ ಬಿಟ್ಟ ಮೇಲೆ

ಬಿಸಿಬೇಳೆ ಬಾತಿನ ಟ್ರೇಗಳ ಮೇಲಿಂದ ಯಾರೋ ಫಾಯಿಲ್ ಕಿತ್ತರು. ವಾಸನೆ ವೇದಿಕೆಯ ತನಕ ಬಂತು. ಮೈಕಿನ ಮುಂದೆ ನಿಂತಿದ್ದ ಪ್ರಹ್ಲಾದ, "ಅಮೆರಿಕದ ಆರನೆಯ ಅಧ್ಯಕ್ಷ ಜಾನ್ ಕ್ವಿನ್ಸಿ ಆಡಮ್ಸ್ ಚುನಾವಣೆಯಲ್ಲಿ ಸೋತು ಊರಿಗೆ ಹೋದಾಗ..." ಎಂದು ಆಗಷ್ಟೇ ಶುರುಮಾಡಿದ್ದ. ಮುಂದಿನ ಸಾಲಿನ ಕುರ್ಚಿಗಳು ನೆಲಕ್ಕೆ ಉಜ್ಜಿ ಸದ್ದು ಮಾಡಿದವು. ರೇಷ್ಮೆ ಸೀರೆಗಳು ಎದ್ದವು, ಮಕ್ಕಳು ಓಡಿದರು. ಡಾಲಸ್ ಪಕ್ಕದ ಪ್ಲೇನೋದ ಆ ಶಾಲೆಯ ಕ್ಯಾಫೆಟೀರಿಯಾದಲ್ಲಿ, ಆಡಮ್ಸ್ ಊರು ಮುಟ್ಟುವ ಮೊದಲೇ, ಗೋಡೆಯುದ್ದಕ್ಕೂ ಒಂದು ಸಾಲು ನಿಂತುಬಿಟ್ಟಿತ್ತು.

ತಪ್ಪು ಅವನದೇ. ಕನ್ನಡ ಸಂಘದ ಅಧ್ಯಕ್ಷ ನಂಜುಂಡಸ್ವಾಮಿ ಫೋನಿನಲ್ಲಿ, "ಯಾವ ಸ್ಲಾಟ್ ಕೊಡ್ಲಿ ಸಾರ್, ದಾಸರ ಕೀರ್ತನೆ ಆದ್ಮೇಲೆ ಹಾಕ್ಲಾ?" ಎಂದು ಕೇಳಿದಾಗ, ಊಟಕ್ಕೆ ಮುಂಚಿನದು ಕೊಡಿ ಎಂದಿದ್ದವನು ಅವನೇ. ಉಂಡ ಮೇಲೆ ಯಾರೂ ಪಾಠ ಕೇಳುವುದಿಲ್ಲ ಎಂಬುದನ್ನು ಧಾರವಾಡದ ಕಾಲೇಜಿನ ಮಧ್ಯಾಹ್ನದ ತರಗತಿಗಳು ಅವನಿಗೆ ಕಲಿಸಿದ್ದವು. ಇಲ್ಲಿ ಫಾಯಿಲ್ ತೆಗೆದ ಮೇಲೆ ಯಾರೂ ಕೂರುವುದಿಲ್ಲ ಎಂಬುದು ಗೊತ್ತಿರಲಿಲ್ಲ. ಗೊತ್ತಿದ್ದವರು ಕೀರ್ತನೆಯ ಬೆನ್ನಿಗೇ ತಮ್ಮ ಹಾಡು, ನಾಟಕ ಮುಗಿಸಿಕೊಂಡು ಈಗ ನಿಶ್ಚಿಂತೆಯಿಂದ ತಟ್ಟೆ ಹಿಡಿದಿದ್ದರು.

ಅಮೆರಿಕವನ್ನು ನೋಡದೆಯೇ ಅವನು ಎಷ್ಟೋ ವರ್ಷ ಅಮೆರಿಕದ ಇತಿಹಾಸ ಕಲಿಸಿದ್ದ. ನಲವತ್ತು ದಾಟಿದ ಮೇಲೆ ಲೀಲಾವತಿಯನ್ನು ಮದುವೆಯಾದ. ಅವಳು ಹುಬ್ಬಳ್ಳಿಯವಳು, ಡಾಲಸ್ಸಿನ ಆಸ್ಪತ್ರೆಯೊಂದರಲ್ಲಿ ಅರಿವಳಿಕೆ ಕೊಡುವ ಡಾಕ್ಟರು. ಕಾಲೇಜಿಗೆ ಸಂಬಳವಿಲ್ಲದ ರಜೆ ಹಾಕಿ ಅಲ್ಲೇ ಪಕ್ಕದ ಊರು ಕಾಪೆಲ್‌ನಲ್ಲಿದ್ದ ಅವಳ ಮನೆಗೆ ಬಂದಾಗ, ತಾನು ಕಲಿಸಿದ ದೇಶಕ್ಕೇ ಬಂದೆ ಎಂದು ಹಿಗ್ಗಿದ್ದ. ಆದರೆ ಅವನ ಇತಿಹಾಸ ಇಲ್ಲಿ ಯಾರಿಗೂ ಬೇಕಿರಲಿಲ್ಲ. ಅದು ಇಲ್ಲಿಯವರ ಹತ್ತಿರವೇ ಬೇಕಾದಷ್ಟಿತ್ತು. ಪಾರ್ಟಿಗಳಲ್ಲಿ ಮಾತ್ರ ಅವನಿಂದೊಂದು ಉಪಯೋಗವಿತ್ತು. ಯಾರಾದರೂ ಒಂದು ಸಂಖ್ಯೆ ಹೇಳಿದರೆ ಅಷ್ಟನೆಯ ಅಧ್ಯಕ್ಷ ಯಾರೆಂದು ಥಟ್ಟನೆ ಹೇಳುತ್ತಿದ್ದ. ಉಳಿದ ಹೊತ್ತೆಲ್ಲ ಮನೆ. ರಾತ್ರಿ ಡ್ಯೂಟಿ ಮಾಡಿ ಬಂದ ಲೀಲಾವತಿ ಹಗಲೆಲ್ಲ ಮಲಗುತ್ತಿದ್ದಳು. ಅವಳಿಗೆ ಎಚ್ಚರವಾಗಬಾರದೆಂದು ಕಪಾಟಿನ ಬಾಗಿಲನ್ನು ಸದ್ದಿಲ್ಲದೆ ಹಾಕುವುದನ್ನು, ಕುಕ್ಕರಿನ ಸೀಟಿ ಬೇಡವೆಂದು ಅನ್ನವನ್ನು ಪಾತ್ರೆಯಲ್ಲೇ ಬೇಯಿಸಿ ಬಸಿಯುವುದನ್ನು ಅವನು ಕಲಿತಿದ್ದ.

ಈಗ ರಜೆ ಮುಗಿಯುತ್ತ ಬಂದಿತ್ತು. ಪ್ರಿನ್ಸಿಪಾಲ ರಾಜಗೋಪಾಲ ಹಳೆಯ ಗೆಳೆಯ. "ಇನ್ನ ನನ್ನ ಕೈಯಾಗ ಇಲ್ಲೋ ಮಾರಾಯ. ಬರ್ತೀಯೋ ಬಿಡ್ತೀಯೋ, ಒಂದು ಹೇಳು. ಸೋಮವಾರ ನಸಕಿನ್ಯಾಗ ನಾನ ಫೋನ್ ಹಚ್ತೀನಿ," ಎಂದಿದ್ದ. ಲೀಲಾವತಿಗೆ ಇದನ್ನು ಹೇಳಿದಾಗ ಅವಳು ಷೂಸಿನ ಲೇಸು ಕಟ್ಟುತ್ತ, "ನೀವು ಹೆಂಗಂತೀರಿ ಹಂಗ," ಅಂದಳು. ಇರಿ ಅನ್ನಲಿಲ್ಲ, ಹೋಗಿ ಅಂತಲೂ ಅನ್ನಲಿಲ್ಲ. ಅವನ ಪಾಠವನ್ನು ಒಮ್ಮೆಯೂ ಕೇಳಿದವಳಲ್ಲ ಅವಳು. ಈ ಭಾನುವಾರ ಕೇಳಲಿ, ಕೇಳಿದ ಮೇಲೆ ಒಂದು ಸಲ ಇರಿ ಅಂದರೆ ಇದ್ದುಬಿಡೋಣ ಎಂದು ಅವನು ತನ್ನಷ್ಟಕ್ಕೇ ಗಟ್ಟಿ ಮಾಡಿಕೊಂಡಿದ್ದ. ಅಂದು ಹಗಲು ಡ್ಯೂಟಿ, ಮುಗಿಸಿ ನೇರ ಬರುತ್ತೇನೆ ಎಂದಿದ್ದಳು. ಹಿಂದಿನ ಬಾಗಿಲಲ್ಲಿ ಇನ್ನೂ ಅವಳ ಸುಳಿವಿರಲಿಲ್ಲ.

ಅವಳು ಬರುವ ತನಕ ಎಳೆಯೋಣವೆಂದು ಅವನು ಆಡಮ್ಸನನ್ನು ನಿಧಾನ ಮಾಡಿದ. ನಿರೂಪಣೆ ಮಾಡುತ್ತಿದ್ದ ಹುಡುಗಿ ನಿಖಿತಾ ಪಕ್ಕಕ್ಕೆ ಬಂದು ಪಿಸುಗುಟ್ಟಿದಳು. "ಅಂಕಲ್, ಫೈವ್ ಮಿನಿಟ್ಸಲ್ಲಿ ಮುಗಿಸ್ತೀರಾ? ಆಮೇಲೆ ರಾಫಲ್ ಟಿಕೆಟ್ ಎತ್ತೋದಿದೆ."

ಸಾಲಿನಿಂದ ನಂಜುಂಡಸ್ವಾಮಿಯ ದನಿ ಕೇಳಿತು. "ಪ್ರಹ್ಲಾದ್ ಸಾರ್, ಹೊಟ್ಟೆ ಹಸಿದಾಗ ಸೋತೋರ ಕಥೆ ಯಾಕೆ? ನಿಮ್ಮ ನಂಬರ್ ಆಟ ಆಡ್ಸಿ ಸಾರ್. ನಿಂತ್ಕೊಂಡೇ ಆಡ್ತೀವಿ."

"ಅಮೆರಿಕದ ಪ್ರೆಸಿಡೆಂಟ್ ಬಿಡ್ರೀ," ಎಂದು ಇನ್ನೊಬ್ಬರು ಕೂಗಿದರು. "ನಮ್ಮ ಪ್ರೆಸಿಡೆಂಟು ಇದು ಎಷ್ಟನೇ ವಡೆ ಅಂತ ಕೇಳಿ!"

ನಗೆ ಎದ್ದಿತು. ನಂಜುಂಡಸ್ವಾಮಿಯೇ ವಡೆ ಎತ್ತಿ ತೋರಿಸಿ ಎಲ್ಲರಿಗಿಂತ ಜೋರಾಗಿ ನಕ್ಕರು.

"ಇಪ್ಪತ್ತೊಂದು!" ಎಂದು ಸಾಲಿನಿಂದ ಯಾರೋ ಆಟದ ಮೊದಲ ಸಂಖ್ಯೆ ಎಸೆದರು.

ಪ್ರಹ್ಲಾದ ಮೈಕನ್ನು ನೋಡಿದ. "ಚೆಸ್ಟರ್ ಆರ್ಥರ್."

"ಹದಿಮೂರು!"

"ಮಿಲರ್ಡ್ ಫಿಲ್ಮೋರ್."

"ಇಪ್ಪತ್ತೆರಡು?"

"ಗ್ರೋವರ್ ಕ್ಲೀವ್‌ಲ್ಯಾಂಡ್."

"ಇಪ್ಪತ್ನಾಕು?"

"ಅವನೇ. ಬಿಟ್ಟು ಹೋಗಿ ತಿರುಗಿ ಬಂದವರಲ್ಲಿ ಮೊದಲನೆಯವನು."

ಎಲ್ಲರೂ ಚಪ್ಪಾಳೆ ತಟ್ಟಿದರು. ತಟ್ಟೆ ಇದ್ದವರು ತೊಡೆಗೆ ಬಡಿದು ಸದ್ದು ಮಾಡಿದರು. ಆಗ ಅವನಿಗೆ ಲೀಲಾವತಿ ಕಂಡಳು. ಹಿಂದಿನ ಬಾಗಿಲ ಹತ್ತಿರ, ಆಸ್ಪತ್ರೆಯ ಬ್ಯಾಡ್ಜನ್ನು ಕೊರಳಿಂದ ಇನ್ನೂ ತೆಗೆಯದೆ, ಯಾರೋ ಕೈಗಿತ್ತ ಪಾಯಸದ ಲೋಟವನ್ನು ಮೇಜಿನ ಮೇಲಿಟ್ಟು, ಎಲ್ಲರ ಹಾಗೆಯೇ ನಗುತ್ತ ಚಪ್ಪಾಳೆ ತಟ್ಟುತ್ತಿದ್ದಳು. ಅವನು ನಮಸ್ಕಾರ ಎಂದು ಮೈಕನ್ನು ನಿಖಿತಾಳ ಕೈಗೆ ಕೊಟ್ಟು ಕೆಳಗಿಳಿದ.

ಅವಳ ಕಾರು ರಿಪೇರಿಗೆ ಹೋಗಿತ್ತು. ಬರುವಾಗ ಜೊತೆಯ ನರ್ಸೊಬ್ಬಳು ಬಿಟ್ಟುಹೋಗಿದ್ದಳು. ಮರಳುವಾಗ ಅವನ ಪಕ್ಕ ಕೂತು ಸೀಟನ್ನು ಹಿಂದಕ್ಕೆ ಒರಗಿಸಿಕೊಂಡಳು. ಸಣ್ಣಗೆ ಮಳೆ ಹಿಡಿದಿತ್ತು, ಕತ್ತಲಾಗುತ್ತಿತ್ತು.

"ಛೊಲೋ ಆತಲ್ರೀ. ಎಲ್ಲಾರೂ ಎಷ್ಟ ಚಪ್ಪಾಳಿ ಹೊಡದ್ರು!"

"ಹೂಂ."

"ನಾ ಬರೂದ್ರಾಗ ನಿಮ್ಮ ಭಾಷಣ ಮುಗದಿತ್ತೇನು?"

"ಮುಗದಿತ್ತು."

"ನಡುವ ಒಂದು ಎಮರ್ಜೆನ್ಸಿ ಬಂತು, ಏನ ಮಾಡ್ಲಿ," ಅಂದಳು. ಆಮೇಲೆ ಅವಳ ಮಾತು ನಿಂತಿತು. ನೋಡಿದರೆ ಕಣ್ಣು ಮುಚ್ಚಿತ್ತು.

ಹೈವೇಗೆ ಬಂದ ಮೇಲೆ ವೈಪರಿನ ಸದ್ದಿಗೆ ಸಮನಾಗಿ ಅವನ ದನಿ ತಾನಾಗಿಯೇ ಹೊರಟಿತು. ತರಗತಿಯ ದನಿ, ಆದರೆ ಮಲಗಿದವರ ಮಗ್ಗುಲಲ್ಲಿ ಕಪಾಟು ಹಾಕುವಷ್ಟು ಮೆಲ್ಲಗೆ. ಸೋತ ಆಡಮ್ಸ್ ಮನೆಯಲ್ಲಿ ಕೂರಲಾರದೆ ಸಾಮಾನ್ಯ ಸದಸ್ಯನಾಗಿ ತಿರುಗಿ ಸಂಸತ್ತಿಗೆ ಬಂದದ್ದು ಹೇಳಿದ. ಅಧ್ಯಕ್ಷಗಿರಿ ಮುಗಿದು ನ್ಯಾಯಾಧೀಶನಾದ ಮೇಲೆಯೇ ನೆಮ್ಮದಿ ಕಂಡ ಟಾಫ್ಟ್‌ನ ಬಗ್ಗೆ ಹೇಳಿದ. ಕಾಪೆಲ್ ಎಕ್ಸಿಟ್ ಹತ್ತಿರವಾಗುವಾಗ ಮೂವತ್ತಾರನೆಯ ಅಧ್ಯಕ್ಷ ಜಾನ್ಸನ್ನನಿಗೆ ಬಂದ. ಇಡೀ ಭಾಷಣ ಕಟ್ಟಿದ್ದೇ ಅವನಿಗಾಗಿ.

"ಇವನು ನಮ್ಮ ಟೆಕ್ಸಸ್‌ನವನೇ," ಎಂದ, ಎದುರಿನ ಕತ್ತಲಿಗೆ. "ಅಧಿಕಾರ ಬಿಟ್ಟು ಆಸ್ಟಿನ್ನಿನ ಆಚೆ ತನ್ನ ತೋಟದ ಮನೆಗೆ ಬಂದ. ಕೂದಲು ಉದ್ದ ಬಿಟ್ಟ. ಯುದ್ಧ ನಡೆಸಿದವನು, ಈಗ ಆಳುಗಳನ್ನ ಕರೆದು ಕೋಳಿ ಎಷ್ಟು ತತ್ತಿ ಇಟ್ಟವು ಅಂತ ವರದಿ ಕೇಳೋನು. ಕಡಿಮೆ ಬಿದ್ದರೆ ಸಿಟ್ಟು. ಎದೆಯ ರೋಗ ಇತ್ತು. ಡಾಕ್ಟರು ಬಿಡು ಅಂದಿದ್ದ ಸಿಗರೇಟು ಮತ್ತೆ ಹಿಡಿದ. ಒಂದು ಮಧ್ಯಾಹ್ನ ಮಲಗಿದ್ದವನು ಕೋಣೆಯಿಂದ ಫೋನ್ ಮಾಡಿದ. ಕಾವಲಿನವರು ಓಡಿ ಬರೋದ್ರಾಗ ನೆಲದ ಮೇಲೆ ಬಿದ್ದಿದ್ದ. ಫೋನು ಕೈಯಾಗೇ ಇತ್ತು ಅಂತಾರೆ."

ಕಾರು ಮನೆ ಮುಟ್ಟಿತ್ತು. ರಿಮೋಟ್ ಒತ್ತಿದಾಗ ಗ್ಯಾರೇಜಿನ ಬಾಗಿಲು ಎದ್ದು ದೀಪ ಹತ್ತಿತು. ಒಳಗೆ ನಿಲ್ಲಿಸಿ ಎಂಜಿನ್ ಆರಿಸಿದ. ಬಾನೆಟ್ಟಿನಿಂದ ನೀರು ಸಿಮೆಂಟಿನ ಮೇಲೆ ತೊಟ್ಟಿಕ್ಕಿತು. ಧಾರವಾಡದಲ್ಲಿ ಪಾಠ ಮುಗಿದ ಮೇಲೆ ಅವನು ಬೋರ್ಡು ಒರೆಸುವ ಮೊದಲು ತಿರುಗಿ ನಿಂತು, ಯಾರಿಗಾದರೂ ಪ್ರಶ್ನೆ ಇದೆಯೇ ಎಂದು ಕಾಯುತ್ತಿದ್ದ. ಯಾರಿಗೂ ಇರುತ್ತಿರಲಿಲ್ಲ. ಆದರೂ ಕಾಯುತ್ತಿದ್ದ. ಈಗಲೂ ಕೈ ಸ್ಟೇರಿಂಗ್ ಮೇಲಿಟ್ಟು ಕಾದ.

"ಅವರು ಬಿದ್ದಾಗ ಹೆಂಡ್ತಿ ಎಲ್ಲಿದ್ರು?"

ಲೀಲಾವತಿ ಕಣ್ಣು ತೆರೆದಿರಲಿಲ್ಲ.

ಅವನು ಅವಳತ್ತ ತಿರುಗಿದ. "ಆಸ್ಟಿನ್‌ದಾಗ," ಎಂದ. "ಯಾವುದೋ ಮೀಟಿಂಗಿಗೆ ಹೋಗಿದ್ಲು."

"ಭಾಳ ದೂರೇನು?"

"ಭಾಳೇನಿಲ್ಲ."

ಗ್ಯಾರೇಜಿನ ಬಾಗಿಲು ಅವರ ಬೆನ್ನ ಹಿಂದೆ ತೆರೆದೇ ಇತ್ತು. ಮಳೆಯ ತಣ್ಣನೆ ವಾಸನೆ ಒಳಗೆ ಬರುತ್ತಿತ್ತು.

ಅಡಿಗೆಮನೆಯಲ್ಲಿ ಫೋನು ರಿಂಗಾಗತೊಡಗಿತು. ರಾಜಗೋಪಾಲನೇ ಇರಬೇಕು, ಧಾರವಾಡದಲ್ಲಿ ಈಗ ಸೋಮವಾರ ನಸುಕಾಗಿರುತ್ತದೆ. ಪ್ರಹ್ಲಾದ ಬೆಲ್ಟು ಬಿಚ್ಚಿ ಬಾಗಿಲಿನ ಹಿಡಿಗೆ ಕೈ ಹಾಕಿದ. ಇನ್ನೊಂದು ಕೈಯ ಮಣಿಕಟ್ಟಿನ ಮೇಲೆ ಏನೋ ತಣ್ಣಗೆ ಕೂತಿತು. ಲೀಲಾವತಿಯ ಎರಡು ಬೆರಳು, ಆಪರೇಷನ್ ಟೇಬಲ್ಲಿನ ಮೇಲೆ ಮಲಗಿಸಿದವರ ನಾಡಿ ಹಿಡಿಯುವ ಹಾಗೆ. ಅವಳು ಅವನತ್ತ ನೋಡುತ್ತಿರಲಿಲ್ಲ. ವಿಂಡ್‌ಶೀಲ್ಡಿನ ಮೇಲಿಂದ ಇಳಿಯುವ ಹನಿಗಳನ್ನು ನೋಡುತ್ತಿದ್ದಳು.

ಫೋನು ನಿಂತಿತು. ಸ್ವಲ್ಪ ಹೊತ್ತಿಗೆ ಮತ್ತೆ ಶುರುವಾಯಿತು. ಯಾರೂ ಅಲುಗಾಡದ್ದಕ್ಕೆ ಗ್ಯಾರೇಜಿನ ದೀಪ ತಾನಾಗಿಯೇ ಆರಿತು. ಬೆರಳುಗಳು ಇನ್ನೂ ಅಲ್ಲೇ ಇದ್ದವು.