ಅಂಚೆಯವನ ಪಾರ್ಟು

ಮೊದಲೇ ಹೇಳಿಬಿಡುತ್ತೇನೆ, ನಾನು ಜಂಭದ ಮನುಷ್ಯ. ಆಳಂದದ ನಮ್ಮ ನಾಟಕ ಸಂಘದಲ್ಲಿ ನಲವತ್ತು ವರ್ಷ ನಾನೇ ನಾಯಕ. ಪರದೆಯ ಹಿಂದೆ ನಿಂತು ಮಾತು ಹೇಳಿಕೊಡುವವನನ್ನು ಬಿಡಿಸಿದವನೂ ನಾನೇ. ಮಾತು ಬಾಯಿಪಾಠ ಇಲ್ಲದವನು ಬಣ್ಣ ಹಚ್ಚಬಾರದು, ಇದು ಈ ಶ್ರೀಪಾದ ಮಾಸ್ತರನ ಕಾನೂನು.

ಆ ಕಾನೂನು ಈಗ ನನ್ನ ಕೊರಳಿಗೇ ಸುತ್ತಿಕೊಂಡಿತ್ತು. ಅರವತ್ತೆಂಟು ದಾಟಿದ ನನಗೆ ಮಾತು ಮರೆಯತೊಡಗಿತ್ತು. ಯಾರಿಗೂ ಹೇಳಿರಲಿಲ್ಲ, ಹೆಂಡತಿ ವತ್ಸಲಾಬಾಯಿಗೂ. ಜೇವರ್ಗಿಯ ಮಧ್ಯಾಹ್ನದ ಆಟದಲ್ಲಿ ಜನರೆದುರು ಮಾತು ತಪ್ಪಿದರೆ ಮತ್ತೆ ರಂಗ ಹತ್ತುವುದಿಲ್ಲ ಎಂದು ಮನಸ್ಸು ಗಟ್ಟಿಮಾಡಿಕೊಂಡಿದ್ದೆ. ರಂಗ ಬಿಟ್ಟು ಹೇಗೆ ಬದುಕುವುದೋ ತಿಳಿದಿರಲಿಲ್ಲ.

ಹುಸೇನಪೀರನ ವಿಷಯ ಹೇಳಬೇಕು. ನಿಂಬರ್ಗಾದ ದರ್ಜಿ. ನನ್ನಷ್ಟೇ ವರ್ಷದಿಂದ ಸಂಘದಲ್ಲಿದ್ದರೂ ಹ್ಯಾಂಡ್‌ಬಿಲ್ಲಿನಲ್ಲಿ ಅವನ ಹೆಸರು ‘ಮತ್ತು ಇತರರು’. ಫೌಜದಾರ, ವೈದ್ಯ, ಕಳ್ಳ, ಪೂಜಾರಿ, ಒಮ್ಮೆ ಸೂಲಗಿತ್ತಿ ಮುದುಕಿ. ಗಾಣಗಾಪುರದಲ್ಲಿ ಪೂಜಾರಿಯ ಪಾರ್ಟು ಮಾಡಿದಾಗ ಆಟ ಮುಗಿದ ಮೇಲೆ ಒಬ್ಬ ಅಜ್ಜಿ ಅವನ ಕಾಲಿಗೆ ಬಿದ್ದಳು. “ಅವ್ವಾ, ನಾ ಹುಸೇನಪೀರ ಇದ್ದೇನ್ರಿ” ಎಂದು ಹಿಂದೆ ಸರಿದ. “ಇರಲಿ ಬಿಡಪಾ” ಎಂದು ಅವಳು ಮತ್ತೊಮ್ಮೆ ಕೈಮುಗಿದಳು. ನಾನಾಗ ಬರೀ ನಕ್ಕಿದ್ದೆ.

ಜೇವರ್ಗಿಯಲ್ಲಿ ನಾನು ಗೌಡ, ಅವನು ಅಂಚೆಯವ. ಅವನಿಗೆ ಕೊನೆಯ ಅಂಕದಲ್ಲಿ ಒಂದೇ ಪ್ರವೇಶ, ಒಂದೇ ಮಾತು. ಎರಡನೆಯ ಅಂಕದಲ್ಲಿ ನಾನು ಮಗಳನ್ನು ಮನೆಯಿಂದ ಹೊರಹಾಕಬೇಕಿತ್ತು. ಮಾತು ಬರಲಿಲ್ಲ. ಮಗಳಾಗಿದ್ದ ಮಂಜರಿ ನನ್ನನ್ನೇ ನೋಡುತ್ತ ನಿಂತಳು. ಜನ ಕೆಮ್ಮತೊಡಗಿದರು. ನನ್ನ ಕಥೆ ಮುಗಿಯಿತು ಎಂದುಕೊಂಡೆ.

ಅಷ್ಟರಲ್ಲಿ ಸೈಕಲ್ ಗಂಟೆ ಬಾರಿಸುತ್ತ ಅಂಚೆಯವ ಬಂದ.

“ಗೌಡ್ರ, ಕಾಗದ ಬಂದದ್ರಿ. ಮಗಳು ಈ ಹೊಸ್ತಿಲು ತುಳಿಯಬಾರದು ಅಂದೀರಂತ, ಓಣಿ ತುಂಬ ಅದೇ ಮಾತು. ಖರೇನ್ರಿ?”

ಹೊಸ್ತಿಲು ಎಂದದ್ದೇ ತಡ, ಮರೆತ ಮಾತೆಲ್ಲ ಬಾಯಿಗೆ ಬಂತು. ಜನ ಚಪ್ಪಾಳೆ ತಟ್ಟಿದರು.

ಆಮೇಲೆ ಅವನು ಇನ್ನೂ ನಾಲ್ಕು ಸಲ ಬಂದ. ಸಹಿ ಬೇಕೆಂದು ಬಂದ, ಕುಡಿಯಲು ನೀರು ಕೇಳಿ ಬಂದ, ಮರೆತ ಟೊಪ್ಪಿಗೆ ಹುಡುಕಿಕೊಂಡು ಬಂದ. ಪ್ರತಿ ಸಲವೂ ಅವನ ಮಾತಿನೊಳಗೆ ನನ್ನ ಮಾತು ಇರುತ್ತಿತ್ತು. ನಾಟಕದ ಪುಸ್ತಕದಲ್ಲಿ ಇದ್ಯಾವುದೂ ಇಲ್ಲ. ಅವನು ಕಂಡರೆ ಸಾಕು, ಜನ ನಗುತ್ತಿದ್ದರು. ಕೊನೆಗೆ ಮಗಳು ಸತ್ತ ಸುದ್ದಿ ತಂದು, ಓದಲಾರದೆ ಕಾಗದ ಮಡಚಿ ನಿಂತಾಗ ಅದೇ ಜನ ಅತ್ತರು. ನಾನೂ ಬೆರಗಾಗಿ ನೋಡುತ್ತ ನಿಂತೆ. ಇಂಥವನ ಪಕ್ಕದಲ್ಲಿದ್ದೂ ನಲವತ್ತು ವರ್ಷ ನಾನು ನನ್ನನ್ನೇ ನೋಡಿಕೊಂಡಿದ್ದೆ.

ಬಣ್ಣ ಒರೆಸುವಾಗ ಕೇಳಿದೆ, “ಯಾವಾಗಿಂದ ಗೊತ್ತು ನಿನಗ?”

“ಆರು ವರ್ಷ ಆತ್ರಿ ಮಾಸ್ತರ. ಅಫಜಲಪುರದ ಆಟದಾಗ ಮೊದಲ ಸಲ ತಪ್ಪಿದ್ರಿ.”

ಆ ಆಟಕ್ಕೆ ನನಗೆ ಶಾಲು ಹೊದಿಸಿದ್ದರು. ವೈದ್ಯನಾಗಿದ್ದ ಇವನು ಹೊತ್ತಿಗೆ ಮೊದಲೇ ರಂಗಕ್ಕೆ ಬಂದನೆಂದು ಎಲ್ಲರೆದುರು ಬೈದಿದ್ದೆ. ಅವನು ಬಂದದ್ದು ನನಗೆ ಮಾತು ಎತ್ತಿಕೊಡಲೆಂದು ಈಗ ತಿಳಿಯಿತು. ನೆನೆದು ನಾಚಿಕೆಯಿಂದ ಹಿಡಿಯಾದೆ.

“ಇನ್ನ ಮ್ಯಾಲ ಗೌಡನ ಪಾರ್ಟು ನೀ ಮಾಡು. ಅಂಚೆಯವನದು ನನಗ ಕೊಡು. ಒಂದ ಮಾತು ಅದ, ಅಷ್ಟು ನೆನಪಿರತದ.”

ಹುಸೇನಪೀರ ಅಂಟಿಸಿದ ಮೀಸೆ ಕೀಳುತ್ತ ನಕ್ಕ. “ಅದು ನಿಮ್ಮ ಕೈಲೆ ಆಗಂಗಿಲ್ರಿ. ಅಂಚೆಯವಗ ಎಲ್ಲರ ಮಾತೂ ಬಾಯಿಪಾಠ ಇರಬೇಕಾಗತದ. ನೀವು ಗೌಡ್ರೇ ಆಗ್ರಿ, ನಾ ಬರ್ತೇನಿ.”

ಮುಂದಿನ ಆಟ ನಿಂಬರ್ಗಾದಲ್ಲಿ. ಹ್ಯಾಂಡ್‌ಬಿಲ್ಲು ನಾನೇ ಬರೆದುಕೊಟ್ಟೆ. ಮೇಲೆ ದಪ್ಪಕ್ಷರದಲ್ಲಿ ಹುಸೇನಪೀರ, ಅಂಚೆಯವ. ಕೆಳಗೆ ‘ಮತ್ತು ಇತರರು’. ನಾನು ಅದರಲ್ಲಿದ್ದೇನೆ.