ಒಂಬತ್ತನೇ ಮಟ್ಟಕ್ಕೆ ಕುಗ್ಗಿಸಿದ ಮೀನುಗಳು

ನನಗೆ ಮೂಗಿನ ತುದಿಯಲ್ಲೇ ಕೋಪ. ತಾಳಿದವನು ಬಾಳಿಯಾನು ಅಂತ ಯಾರಾದರೂ ಹೇಳಿದರೆ, "ಬಾಳಲಿ ಬಿಡಿ, ನನಗೆ ಕೆಲಸ ಇದೆ" ಅನ್ನುವವಳು. ಲಾಂಡ್ರಿಯಲ್ಲಿ ದಿನಕ್ಕೆ ಇನ್ನೂರು ಹೊದಿಕೆ ಮಡಚುತ್ತೇನೆ. ದೊಡ್ಡದನ್ನು ಚಿಕ್ಕದು ಮಾಡುವುದನ್ನು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ ಎಂಬ ಜಂಬ ಬೇರೆ.

ಪಾರ್ಶ್ವವಾಯು ಬಡಿದ ಮೇಲೆ ಮಾವನವರ ಬಲಗೈ ಹೆಬ್ಬೆರಳು ಮಾತು ಕೇಳುತ್ತಿದ್ದದ್ದು ಒಂದೇ ಕಡೆ, ನನ್ನ ಗಂಡನ, ಕೈಯಲ್ಲೇ ಹಿಡಿದು ಆಡುವ ಹಳೆಯ ಗೇಮ್ ಕನ್ಸೋಲಿನ ಮೀನು ಹಿಡಿಯುವ ಆಟದಲ್ಲಿ. ವ್ಯಾಯಾಮದ ರಬ್ಬರ್ ಚೆಂಡನ್ನು ಮುಟ್ಟದವರು ಆ ಮೀನಿಗಾಗಿ ಗಂಟೆಗಟ್ಟಲೆ ಗುಂಡಿ ಒತ್ತುತ್ತಿದ್ದರು. ಮೊನ್ನೆ ಮೆಮೊರಿ ಕಾರ್ಡ್ ತುಂಬಿ, ಆಟ ಉಳಿಸಲು ಜಾಗವಿಲ್ಲ ಅಂದುಬಿಟ್ಟಿತು.

"ಅದೇನು ಮಹಾ!" ಎಂದು ಕಾರ್ಡನ್ನು ಲ್ಯಾಪ್‌ಟಾಪಿಗೆ ಚುಚ್ಚಿದೆ. ಆಟಗಳ ಫೈಲು ಕುಗ್ಗಿಸುವ ತಂತ್ರಾಂಶ, ಒಂದರಿಂದ ಒಂಬತ್ತರವರೆಗೆ ಎಷ್ಟು ಕುಗ್ಗಿಸಲಿ ಎಂದು ಕೇಳಿತು. ಒಂಬತ್ತಿರುವಾಗ ಐದು ಯಾರಿಗೆ ಬೇಕು? ಕುಗ್ಗಿದ್ದನ್ನು ಕಾರ್ಡಿಗೆ ಹಾಕಿ, ತೆರೆದು ನೋಡುವ ಮೊದಲೇ ಮೂಲ ಫೈಲುಗಳನ್ನೆಲ್ಲ ಅಳಿಸಿದೆ. ಅರ್ಧ ಕಾರ್ಡ್ ಖಾಲಿ!

ಕಾರ್ಡನ್ನು ಮತ್ತೆ ಕನ್ಸೋಲಿಗೆ ಹಾಕಿ ಮೀನಿನ ಆಟ ಒತ್ತಿದೆ. ಕಪ್ಪು ಪರದೆ. ಕನ್ಸೋಲ್ ಆಫ್ ಮಾಡಿ ಮತ್ತೆ ಒತ್ತಿದೆ. ಕಪ್ಪು. ಐದು ಸಲ, ಆರು ಸಲ. ಆಟದ ಡಿಸ್ಕ್ ಯಾವತ್ತೋ ಒಡೆದುಹೋಗಿತ್ತು. ಕಾರ್ಡಿನಲ್ಲಿದ್ದದ್ದು ಬಿಟ್ಟರೆ ಬೇರೆ ಪ್ರತಿ ಇರಲಿಲ್ಲ. ಅವರ ಬೆರಳನ್ನೇ ನಾನು ಅಳಿಸಿದ ಹಾಗಾಗಿತ್ತು.

"ಮಾವ, ನನ್ನ ಕೈಗೆ ಬೆಂಕಿ ಬೀಳ" ಎಂದು ಎದುರು ನಿಂತು ಎಲ್ಲ ಹೇಳಿದೆ. ಅವರು ಎಡಗೈಯಲ್ಲಿ ಕನ್ಸೋಲ್ ತೆಗೆದುಕೊಂಡು, ಆಟ ಒತ್ತಿ, ತೊಡೆಯ ಮೇಲಿಟ್ಟುಕೊಂಡರು. ಮತ್ತದೇ ಕಪ್ಪು.

"ಕೊಡಿ ಮಾವ, ಇನ್ನೊಂದ್ಸಲ ಆಫ್ ಮಾಡಿ ನೋಡ್ತೀನಿ."

"ಸು... ಸುಮ್ನೆ ಕೂತ್ಕೊ."

ಕೂತೆ. ಒಂದು ನಿಮಿಷವಾಯಿತು. ಎದ್ದೆ. ಕಣ್ಣಲ್ಲೇ ಕೂರಿಸಿದರು. ಇನ್ನೇನು ಕಿತ್ತುಕೊಳ್ಳಬೇಕು, ಪರದೆ ನೀಲಿಯಾಯಿತು. ಕೆರೆ, ದೋಣಿ, ಮೂಲೆಯಲ್ಲಿ ಅವರು ಹಿಡಿದ ಮುನ್ನೂರ ಹನ್ನೆರಡು ಮೀನು! ಅಷ್ಟು ಗಟ್ಟಿಯಾಗಿ ಅದುಮಿದ್ದನ್ನು ಬಿಡಿಸಿಕೊಳ್ಳಲು ಆ ಹಳೇ ಕನ್ಸೋಲಿಗೂ ಹೊತ್ತು ಬೇಕಿತ್ತು. ನಾನು ಪ್ರತಿ ಸಲ ಅರ್ಧಕ್ಕೇ ಅದರ ಕತ್ತು ಹಿಸುಕುತ್ತಿದ್ದೆ.

"ಅಬ್ಬಾ, ಹೋದ ಜೀವ ಬಂತು!" ಎಂದು ಅತ್ತೇಬಿಟ್ಟೆ.

ಮಾವ ಒಂದೊಂದೇ ಮಾತು ಜೋಡಿಸಿದರು. "ಈ ಬೆರಳು ಅಲ್ಲಾಡೋಕೆ... ಏಳು ತಿಂಗ್ಳು ಕಾದೆ. ನಿನ್ಗೆ... ಎರಡು ನಿಮಿಷ ಕಾಯೋಕೆ ಆಗ್ಲಿಲ್ವೇನಮ್ಮಾ?"