ಸಾವೆರಿಯೊನ ಚಿತ್ರಕ್ಕೆ ಎರ್ಸಿಲಿಯಾಳ ಉಸಿರು

ರೋಮಿನ ಹತ್ತಿರದ ವಿಟೆರ್ಬೊ ಊರಿನಲ್ಲಿ ಎರ್ಸಿಲಿಯಾಳ ದನಿ ಕೇಳದೆ ಕೋಳಿಗಳೂ ಗೂಡು ಸೇರುತ್ತಿರಲಿಲ್ಲ. ಹತ್ತೊಂಬತ್ತು ವರ್ಷದಿಂದ ಚರ್ಚಿನ ರೇಡಿಯೊದಲ್ಲಿ ಸಂಜೆಯ ಜಪಸರದ ಪ್ರಾರ್ಥನೆ ಹೇಳಿಸುವವಳು ಅವಳೇ. ಹರೆಯದಲ್ಲಿ ಅವಳು ರೋಮಿನಲ್ಲಿ ಸಿನಿಮಾಗಳಿಗೆ ದನಿ ಕೊಡುತ್ತಿದ್ದಳೆಂದು ಮಾತ್ರ ಊರಿಗೆ ಗೊತ್ತಿಲ್ಲ. ಆಗೆಲ್ಲ ಪರದೆಯ ಮೇಲೆ ಮೈ ಒಬ್ಬಳದು, ದನಿ ಇನ್ನೊಬ್ಬಳದು. ಕಾಮದ ಕತೆಗಳಿಗೇ ಹೆಸರಾದ ನಿರ್ದೇಶಕ ಸಾವೆರಿಯೊ ಗ್ರಾಂದಿಯ ಒಂದು ಚಿತ್ರದಲ್ಲಂತೂ ಐದು ಹೆಂಗಸರ ನರಳಾಟವೂ ಅವಳದೇ, ಒಂದು ಮೇಕೆಯ ಕೂಗೂ ಅವಳದೇ.

ಈಗ ಸಾವೆರಿಯೊನ ಚಿತ್ರಗಳನ್ನೆಲ್ಲ ತೊಳೆದು ಹೊಸದು ಮಾಡಿ, ಮನೆಯಲ್ಲಿ ನೋಡುವ ಡಿಸ್ಕ್ ಆಗಿ ಮಾರುತ್ತಾರಂತೆ. ಅದನ್ನು ಪತ್ರಿಕೆಯಲ್ಲಿ ಓದಿದ ದಿನದಿಂದ ಎರ್ಸಿಲಿಯಾಳಿಗೆ ತುತ್ತು ಇಳಿಯಲಿಲ್ಲ. ಆಗ ಥಿಯೇಟರಿನ ಸಿಳ್ಳೆ ಕೇಕೆಗಳ ನಡುವೆ ಅವಳ ದನಿ ಮುಚ್ಚಿಹೋಗಿತ್ತು. ಈಗ ಮನೆಮನೆಯಲ್ಲಿ ಸೋಫಾದ ಮೇಲೆ ಕೂತು ಕಿವಿಗೊಟ್ಟು ಕೇಳುತ್ತಾರೆ. ಪಾದ್ರಿಗಳಿಗೆ ಗೊತ್ತಾದರೆ ಜಪಸರದ ಮೈಕು ಬೇರೆಯವರ ಪಾಲು.

ತಡೆಯಲಾರದೆ ಬಸ್ಸು ಹತ್ತಿ ರೋಮಿಗೆ ಹೋದಳು. ಡಿಸ್ಕ್ ತಯಾರಿಸುವ ಸ್ಟುಡಿಯೊದಲ್ಲಿ ಫುಲ್ವಿಯೊ ಎಂಬ ಗಡ್ಡದವನು ಕಾಫಿ ಕೊಟ್ಟು ಕೂರಿಸಿದ.

“ಸಾವೆರಿಯೊದು ಆ ಮೇಕೆ ಇರೋ ಚಿತ್ರದಿಂದ ನನ್ ದನಿ ತೆಗೆದುಬಿಡಪ್ಪ. ಊರಲ್ಲಿ ತಲೆಯೆತ್ತಿ ಓಡಾಡ್ಬೇಕು ನಾನು.”

“ತೆಗೆಯೋದೇನ್ ಬಂತಮ್ಮ, ಅದಾಗಲೇ ಹೋಗಿದೆ. ಆ ಚಿತ್ರದ ಸದ್ದೆಲ್ಲ ನೆಲಮಾಳಿಗೆ ತೇವಕ್ಕೆ ಹಾಳಾಯ್ತು. ಹೊಸ ಹುಡುಗಿ ಹತ್ರ ದನಿ ಕೊಡಿಸಿದೀವಿ. ಕೇಳಿ ಬೇಕಾದ್ರೆ.”

ಎರ್ಸಿಲಿಯಾಳ ಎದೆಯ ಮೇಲಿನ ಬಂಡೆ ಉರುಳಿತು. ಫುಲ್ವಿಯೊ ಗುಂಡಿ ಒತ್ತಿದ. ಪರದೆಯ ಮೇಲೆ ಮೀನುಗಾರನ ಹೆಂಡತಿ ಯಾರದೋ ತೋಳಿಗೆ ಒರಗಿದಳು. ಹೊಸ ಹುಡುಗಿ ನರಳಿದಳು.

“ಇದೇನು, ಹಲ್ಲುನೋವಾ ಇವಳಿಗೆ?”

“ಇರ್ಲಿ ಬಿಡಿ. ಅದನ್ನೆಲ್ಲ ಯಾರ್ ನೋಡ್ತಾರೆ?”

“ಯಾರ್ ನೋಡ್ತಾರೆ ಅಂದ್ಯಾ? ಅವಳ ಎದೆ ಏಳೋಕ್ ಮುಂಚೇನೇ ಇವಳು ಉಸಿರು ಬಿಟ್ಟಾಯ್ತು. ಗಂಡ ಬಂದ್ಬಿಟ್ರೆ ಅನ್ನೋ ಭಯ ಇರತ್ತಲ್ಲ, ಅದೆಲ್ಲಿ?”

“ನಲವತ್ತೆಂಟು ವರ್ಷ ಆಯ್ತಮ್ಮ. ಈಗ ನಿಮ್ಮಿಂದ್ಲೂ ಆಗಲ್ಲ.”

ಎರ್ಸಿಲಿಯಾ ಎದ್ದು ಬಾಗಿಲವರೆಗೆ ಹೋದಳು. ಹಿಡಿಕೆಯ ಮೇಲೆ ಕೈ ಇಟ್ಟಳು. ತಾನೇ ಮತ್ತೆ ದನಿ ಕೊಟ್ಟರೆ ಚಿತ್ರದಲ್ಲಿ ಕೇಳುವುದು ಈಗಿನ ದನಿಯೇ, ರೇಡಿಯೊದ ದನಿಯೇ. ಒಂದು ಉಸಿರು ಸಾಕು, ಬ್ರೆಡ್ ಅಂಗಡಿಯವಳಿಂದ ಹಿಡಿದು ಪಾದ್ರಿಗಳವರೆಗೆ ಎಲ್ಲರೂ ಗುರುತು ಹಿಡಿಯುತ್ತಾರೆ. ಬೆನ್ನ ಹಿಂದೆ ಆ ಹುಡುಗಿ ಇನ್ನೂ ನರಳುತ್ತಲೇ ಇದ್ದಳು.

ಎರ್ಸಿಲಿಯಾ ಹಿಂದಿರುಗಿ, ಕೋಟು ಬಿಚ್ಚಿ ಕುರ್ಚಿಗೆ ಎಸೆದಳು.

“ನಿಲ್ಸೋ ಮಾರಾಯ ಅದನ್ನ. ಮೈಕು ಒಂಚೂರು ಇಳಿಸು, ಆಗ ಉದ್ದ ಇದ್ದೆ ನಾನು.”

ಮೈಕಿನ ಮುಂದೆ ನಿಂತಾಗ ಹೆದರಿಕೆಗೆ ಎದೆ ಡವಡವ ಎನ್ನುತ್ತಿತ್ತು. ಪರದೆಯ ಮೇಲಿನ ಆ ಹೆಂಗಸಿಗೂ ಹೀಗೇ ಅಲ್ಲವೇ ಆಗಬೇಕಾದದ್ದು ಎಂದುಕೊಂಡು, ಉಸಿರೆಳೆದುಕೊಂಡಳು.